ಚಪ್ಪಲಿ ಮೆಟ್ಟಿ ನೋಡಿದ ಗೀಸರ್

ನಮ್ಮ ವಂಶದಲ್ಲಿ ಡಿಗ್ರಿ ಮಾಡಿದವರಲ್ಲಿ ನಾನೇ ಮೊದಲಿಗ. ಎಲೆಕ್ಟ್ರಿಕಲ್ ಎಂಜಿನಿಯರಿಂಗ್. ಹಗಲೆಲ್ಲ ರಿಪೇರಿ ಅಂಗಡಿಯಲ್ಲಿ ಮೋಟಾರಿಗೆ ತಂತಿ ಸುತ್ತಿ, ಎರಡು ಸಲ ಫೇಲಾಗಿ, ಪಾಸಾದೆ. ಅದನ್ನು ಹೇಳಿಕೊಳ್ಳಲು ನನಗೆ ನಾಚಿಕೆಯಿಲ್ಲ. ನಾಚಿಕೆ ಇರುವುದು ಗೀಸರಿನ ವಿಷಯದಲ್ಲಿ.

ನಾಗಪುರದ ಹೊರಗಿನ ಹಿಂಗಣಾದ ಕಾರ್ಖಾನೆಯೊಂದರ ಮೆಂಟೆನೆನ್ಸಿಗೆ ಸೇರಿದ ಮೇಲೆ ಪಟ್ಟಣದಲ್ಲೊಂದು ಹಳೆಯ ಫ್ಲ್ಯಾಟ್ ಹಿಡಿದೆ. ಮನೆಯಲ್ಲಿ ಅವ್ವ, ನಾನು, ಇಬ್ಬರೇ. ಗೀಸರ್ ಹಿಂದಿನವರು ಬಿಟ್ಟುಹೋದದ್ದು. ಬೋರಿನ ನೀರು ಗಡಸು; ವರ್ಷಕ್ಕೊಮ್ಮೆ ಕಾಯಿಲ್ ಸುಣ್ಣ ಕಟ್ಟಿ ಸಾಯುತ್ತಿತ್ತು. ಪ್ರತಿ ಸಲ ನಾನೇ ಬಿಚ್ಚಿ ಹೊಸದು ಹಾಕುತ್ತಿದ್ದೆ. ಕಳೆದ ಚಳಿಗಾಲಕ್ಕೆ ಒಳಗೆ ಹರಳು ಉರುಳಿದಂತೆ ಸದ್ದಾಗತೊಡಗಿತು. ಬೆಳಗಿನ ಮೊದಲ ನೀರು ಕೆಂಪಗೆ. ತಳದ ಬೆಸುಗೆಯಲ್ಲಿ ತುಕ್ಕು. ನಳ ರಿಪೇರಿಗೆ ಬಂದ ಪ್ಲಂಬರ್ ತಲೆಯೆತ್ತಿ ನೋಡಿ, "ಭಾವೂ, ಟಾಕೀ ಗೇಲೀ. ಆತಾ ನವೀನ್ ಘ್ಯಾ," ಅಂದ. ಟ್ಯಾಂಕೇ ಹೋಗಿದೆ, ಹೊಸದು ತಗೊಳ್ಳಿ ಎಂದು. ಕಾರ್ಖಾನೆಯ ಬಾಯ್ಲರ್ ನೋಡುವವನಿಗೆ ಇವನ ಪಾಠವೇ ಎಂದು ನಕ್ಕೆ.

ಡಿಸೆಂಬರಿನಲ್ಲಿ ಒಂದು ದಿನ ಅವ್ವ ಅಂದಳು, "ತಮ್ಮಾ, ನಳ ಮುಟ್ಟಿದ್ರ ಕೈ ಜುಮ್ ಅಂತೈತಿ."

"ಥಂಡಿಗೆ ಹಂಗ ಆಗ್ತೈತಿ ಯವ್ವಾ."

"ಥಂಡಿ ನನಗ ಗೊತ್ತಿಲ್ಲೇನು? ಇದು ಇರುವಿ ಕಡದಂಗ ಐತಿ."

ಬಚ್ಚಲಿಗೆ ಹೋಗಿ ನಳ ಹಿಡಿದೆ, ನೀರಿಗೆ ಕೈ ಹಾಕಿದೆ. ಏನೂ ಆಗಲಿಲ್ಲ. "ಏನಿಲ್ಲ ನೋಡು. ನಿನ್ನ ನರಾ ಹಳೇವಾಗ್ಯಾವ."

"ಹೂಂ, ಎಂಜಿನಿಯರ್ ಸಾಹೇಬ್ರು ಅಂದ್ರ ಬರೋಬರ್ ಇರಬೇಕ್ ಬಿಡು."

ಮತ್ತೆರಡು ಸಲ ಹೇಳಿದಳು. ಎರಡು ಸಲವೂ ಹಾಗೇ ನೋಡಿದೆ. ನನ್ನ ಕಾಲಲ್ಲಿ ರಬ್ಬರ್ ಚಪ್ಪಲಿ. ಹಸಿ ನೆಲಕ್ಕೆ ಬರಿಗಾಲು ಇಡಬಾರದೆಂಬುದು ಕಾರ್ಖಾನೆ ಕಲಿಸಿದ ರೂಢಿ. ಸ್ನಾನವನ್ನೂ ಚಪ್ಪಲಿಯಲ್ಲೇ ಮಾಡುತ್ತಿದ್ದೆ. ಅವ್ವ ಮಿಂದು ನೇರ ಪೂಜೆಗೆ ಕೂರುವವಳು. ಬಚ್ಚಲಲ್ಲಿ ಚಪ್ಪಲಿ ಅವಳಿಗೆ ಮೈಲಿಗೆ. ರಬ್ಬರಿನ ಮೇಲೆ ನಿಂತವನಿಗೆ ತಾಗದ ಕರೆಂಟು ಬರಿಗಾಲಿನವಳಿಗೆ ತಾಗುತ್ತದೆಂದು ಐಟಿಐ ಹುಡುಗರಿಗೂ ಗೊತ್ತು. ನನಗೆ ಹೊಳೆಯಲಿಲ್ಲ. ಟೆಸ್ಟರ್ ಕಪಾಟಿನಲ್ಲೇ ಇತ್ತು, ತೆಗೆಯಲಿಲ್ಲ. ಓದು ಬಾರದವಳ ಮಾತಿಗೆ ಟೆಸ್ಟರ್ ಯಾಕೆ ಅನ್ನಿಸಿರಬೇಕು.

ಜನವರಿಯ ಒಂದು ಮುಂಜಾನೆ ಬಚ್ಚಲಲ್ಲಿ ಬಕೆಟ್ ಉರುಳಿತು. ಅವ್ವನ ದನಿ ಅರ್ಧಕ್ಕೇ ನಿಂತಿತು. ಮೇನ್ ಆಫ್ ಮಾಡಿ ಬಾಗಿಲು ಒದ್ದು ತೆಗೆದೆ. ಗೋಡೆಯ ಬುಡದಲ್ಲಿ ಮುದ್ದೆಯಾಗಿ ಬಿದ್ದಿದ್ದಳು. ಉಸಿರಿತ್ತು. ಸೊಂಟದ ಮೂಳೆ ಮುರಿದಿತ್ತು. ಡಾಕ್ಟರು ರಾಡ್ ಹಾಕಿದರು. ಇನ್ನು ಮೇಲೆ ನೆಲದ ಮೇಲೆ ಕೂರುವಂತಿಲ್ಲ ಎಂದರು.

ಗೀಸರ್ ಇಳಿಸಿ ಬಿಚ್ಚಿದೆ. ಕಾಯಿಲ್ಲಿನ ಕವಚ ಸೀಳಿಹೋಗಿ ಕರೆಂಟು ನೀರಿಗೆ ಇಳಿಯುತ್ತಿತ್ತು. ಅದನ್ನು ನೆಲಕ್ಕೆ ಒಯ್ಯಬೇಕಿದ್ದ ಅರ್ಥಿಂಗ್ ತಂತಿ ಸಾಕೆಟ್ಟಿನ ಹಿಂದೆ ತುಂಡಾಗಿತ್ತು. ಅದೇ ಪ್ಲಂಬರ್ ಬಂದು ಹೊಸದನ್ನು ಕೂರಿಸಿದ. ಹಳೆಯದನ್ನು ತಾನೇ ಹೊತ್ತು ಕೆಳಗಿಳಿಸಿದ. ಬೈದಿದ್ದರೆ ಚೆನ್ನಾಗಿತ್ತು.

ಊರಿಂದ ಸೋದರಮಾವ ನೋಡಲು ಬಂದ. "ಹೆಂಗ ಬಿದ್ದಿ ಅಕ್ಕಾ?"

"ಸಬಕಾರದ ನೊರಿ ನೀರಿತ್ತು, ಕಾಲು ಜಾರ್ತು," ಅಂದಳು ಅವ್ವ, ನನ್ನ ಕಡೆ ನೋಡದೆ. "ಮಗಾ ಕರೆಂಟಿನ ಎಂಜಿನಿಯರ್, ಮನ್ಯಾಗ ಮತ್ತೇನ್ ಆಗತೈತಿ?"

ಮಾವ ನನ್ನತ್ತ ತಿರುಗಿದ. "ಹೌದೇನೋ?"

"ಹೌದು ಮಾವ, ಜಾರಿದ್ಲು," ಅಂದೆ.