ಅರಮನೆಯ ಬಾಗಿಲಲ್ಲಿ ಬೂಟು ಬಿಟ್ಟವರು

ನಮ್ಮ ಬಾಸಿನ ಬಲಗಾಲಿನ ಹೆಬ್ಬೆರಳು ಯಾವಾಗಲೂ ಕಾಲುಚೀಲದಿಂದ ಹೊರಗೆ ಇಣುಕುತ್ತಿತ್ತು. ದಪ್ಪ ಉಗುರು, ನಡುವೆ ಸಣ್ಣ ಸೀಳು. ಮೆನ್ಲೋ ಪಾರ್ಕ್ ಎಂಬ ಊರಿನ ಆಫೀಸಿಗೆ ಬಂದೊಡನೆ ಅವರು ಬೂಟು ಬಿಚ್ಚಿ ಮೇಜಿನ ಕೆಳಗೆ ತಳ್ಳುತ್ತಿದ್ದರು, ಆಮೇಲೆ ಇಡೀ ದಿನ ಕಾರ್ಪೆಟ್ಟಿನ ಮೇಲೆ ಕಾಲುಚೀಲದಲ್ಲೇ ಓಡಾಟ. ಹೊಸ ಜೊತೆ ಹಾಕಿಕೊಂಡು ಬಂದರೂ ವಾರದೊಳಗೆ ಅದೇ ಜಾಗದಲ್ಲಿ ತೂತು ಬೀಳುತ್ತಿತ್ತು. ಕಂಪನಿಗೆ ದುಡ್ಡು ಹಾಕಿದವರು ಸೂಟು ಬೂಟು ಧರಿಸಿ ಬಂದು ಕೂತಾಗಲೂ ಈ ಬೆರಳು ಹಾಜರು. ನಾಚಿಕೆಯಾಗುತ್ತಿದ್ದುದು ನನಗೆ, ಅವರಿಗಲ್ಲ.

ಅಮೆರಿಕದಲ್ಲಿ ಬಾಸನ್ನು ಹೆಸರು ಹಿಡಿದು ಕರೆಯಬೇಕು. ಹುಬ್ಬಳ್ಳಿಯಿಂದ ಹೋದ ನನಗೆ ನಾಲಿಗೆ ಏಳಲಿಲ್ಲ, ಕೊನೆಯವರೆಗೂ ‘ಸರ್’ ಎಂದೇ ಕರೆದೆ. ಅವರು ಮೈಸೂರಿನವರು, ನನಗಿಂತ ಇಪ್ಪತ್ತು ವರ್ಷ ದೊಡ್ಡವರು, ಆ ದೇಶದ ಪೌರತ್ವ ಪಡೆದು ಎಷ್ಟೋ ಕಾಲವಾಗಿತ್ತು. ಯೂನಿಯನ್ ಸಿಟಿಯಲ್ಲಿ ನಮ್ಮ ಅಪಾರ್ಟ್‌ಮೆಂಟಿನಿಂದ ಎರಡು ಬೀದಿ ಆಚೆ ಅವರ ಮನೆ. ಅವರ ಹೆಂಡತಿಯನ್ನು ನಾವು ಅಕ್ಕ ಎನ್ನುತ್ತಿದ್ದೆವು. ಶನಿವಾರ ರಾತ್ರಿ ನನಗೂ ನನ್ನ ಹೆಂಡತಿಗೂ ಅಲ್ಲೇ ಊಟ. ಅಕ್ಕ ಬಡಿಸುವಾಗ ಸಾಕು ಎಂದರೆ ಕೇಳುತ್ತಿರಲಿಲ್ಲ.

ಬೆಳಿಗ್ಗೆ ಅವರ ಕಾರಿನಲ್ಲೇ ನಾನು ಆಫೀಸಿಗೆ ಹೋಗುತ್ತಿದ್ದೆ. ಡಂಬಾರ್ಟನ್ ಸೇತುವೆಯ ಮೇಲೆ ಎಲ್ಲರೂ ನಮ್ಮನ್ನು ಹಿಂದೆ ಹಾಕಿ ಹೋಗುತ್ತಿದ್ದರು. ಸ್ವಲ್ಪ ಜೋರಾಗಿ ಹೋಗೋಣ ಎಂದರೆ, ಬೋರ್ಡಿನಲ್ಲಿ ಬರೆದಿರುವುದಕ್ಕಿಂತ ಜೋರಾಗಿ ಹೋಗುವುದು ಹೇಗೆ ಎಂದು ನಿಜವಾಗಿಯೂ ಆಶ್ಚರ್ಯದಿಂದ ಕೇಳುತ್ತಿದ್ದರು. ಯಾವ ಕೆಲಸವನ್ನೂ ಅರ್ಧಕ್ಕೆ ಬಿಡುತ್ತಿರಲಿಲ್ಲ. ಪಾರ್ಕಿಗೆ ಹೋದರೆ ಅಲ್ಲಿ ನೆಟ್ಟಿರುವ ಪ್ರತಿಯೊಂದು ಫಲಕವನ್ನೂ ಪೂರ್ತಿ ಓದಬೇಕು, ಅಷ್ಟು ಹೊತ್ತೂ ನಾವು ಕಾಯಬೇಕು. ಇನ್ನು ಆ ಒಂದು ಮಾತು, ‘ಆಗಲ್ಲ’. ಆ ದಿನಗಳಲ್ಲಿ ಸುತ್ತಮುತ್ತ ಯಾರ ಬಾಯಲ್ಲೂ ಆ ಮಾತು ಇರಲಿಲ್ಲ. ಎಲ್ಲ ಕಂಪನಿಗಳಲ್ಲೂ ಎಲ್ಲವೂ ಆಗುತ್ತಿತ್ತು, ಅದೂ ಮುಂದಿನ ವಾರವೇ ಆಗುತ್ತಿತ್ತು. ಇವರೊಬ್ಬರು ಮೀಟಿಂಗಿನಲ್ಲಿ ಕಾಲು ಚಾಚಿ ಕೂತು, ಬೆರಳು ಆಡಿಸುತ್ತ, ಆಗಲ್ಲ ಎನ್ನುತ್ತಿದ್ದರು.

ಆಮೇಲೆ ಗಾಳಿ ತಿರುಗಿತು. ಕಂಪನಿಗಳು ಒಂದೊಂದಾಗಿ ಮುಚ್ಚಿ ಪಕ್ಕದ ಕಟ್ಟಡಗಳ ಪಾರ್ಕಿಂಗು ಖಾಲಿಯಾಗತೊಡಗಿತು. ನಮ್ಮದು ದೊಡ್ಡ ಅಂಗಡಿಗಳಲ್ಲಿ ಯಾವ ಸರಕು ಎಲ್ಲಿದೆ ಎಂದು ತೋರಿಸುವ ಸಾಫ್ಟ್‌ವೇರು. ಅದನ್ನು ಹೊಸದಾಗಿ ಕೊಳ್ಳುವ ಮನಸ್ಸು ಮಾಡಿದ್ದವರು ಸಿಯೋಲ್ ನಗರದ ಒಂದು ಕಂಪನಿಯವರು ಮಾತ್ರ. ಅವರ ಭಾಷೆಯಲ್ಲಿ, ಅವರ ಲಿಪಿಯಲ್ಲಿ ಅದು ಕೆಲಸ ಮಾಡುವಂತಾಗಬೇಕಿತ್ತು. ಮೂರು ತಿಂಗಳಲ್ಲಿ ಮಾಡಿಕೊಡುತ್ತೇವೆ ಎಂದು ನಮ್ಮ ಸೇಲ್ಸಿನವನು ಫೋನಿನಲ್ಲಿ ಮಾತು ಕೊಟ್ಟುಬಿಟ್ಟಿದ್ದ. ಅವರು ಒಪ್ಪಿದರೆ ನಾವೆಲ್ಲ ಉಳಿಯುತ್ತಿದ್ದೆವು. ಒಪ್ಪದಿದ್ದರೆ ಕಂಪನಿ ಮುಗಿದಂತೆ, ಕೆಲಸ ಹೋದರೆ ನನ್ನ ವೀಸಾ ಹೋದಂತೆ. ಗ್ರೀನ್ ಕಾರ್ಡಿನ ಅರ್ಜಿ ನಡುದಾರಿಯಲ್ಲಿತ್ತು. ಬಾಸಿಗೆ ಇದೆಲ್ಲ ಗೊತ್ತಿತ್ತು, ಏಕೆಂದರೆ ದಿನಾ ಸೇತುವೆಯ ಮೇಲೆ ನಾನು ಇದನ್ನೇ ಕೊರೆಯುತ್ತಿದ್ದೆ. ಒಪ್ಪಂದದ ಮಾತುಕತೆಗೆ ಸಿಯೋಲಿಗೆ ಹೊರಟವರು ನಾವಿಬ್ಬರೇ.

ಮೀಟಿಂಗು ಮಧ್ಯಾಹ್ನ. ಅತಿಥಿಗಳಿಗೆ ಬೆಳಿಗ್ಗೆ ಊರಿನ ಅರಮನೆಗಳನ್ನು ನಡೆದು ತೋರಿಸುವ ಏರ್ಪಾಡು ಮಾಡಿದ್ದರು. ತೋರಿಸಲು ಬಂದವಳು ಅವರ ಆಫೀಸಿನ ಒಬ್ಬ ಹುಡುಗಿ. ಇಂಗ್ಲಿಷಿನಲ್ಲಿ ಎಲ್ಲವನ್ನೂ ಬಾಯಿಪಾಠ ಮಾಡಿಕೊಂಡು ಬಂದಿದ್ದಳು ಪಾಪ, ನಡುವೆ ತಡವರಿಸಿದರೆ ಮತ್ತೆ ಮೊದಲಿನಿಂದ ಶುರು ಮಾಡುತ್ತಿದ್ದಳು. ದಕ್ಷಿಣದ ಹೆಬ್ಬಾಗಿಲಿನಿಂದ ದೊಡ್ಡ ಅರಮನೆಯೊಳಗೆ ಹೋಗುವುದು, ಪೂರ್ವದ ಬಾಗಿಲಿನಿಂದ ಹೊರಬರುವುದು, ಹೆಂಚಿನ ಮನೆಗಳ ಹಳೇ ಓಣಿಗಳಲ್ಲಿ ನಡೆದು ಎರಡನೇ ಅರಮನೆ ಸೇರುವುದು, ಇದು ಅವಳು ಹಾಕಿಕೊಂಡ ದಾರಿ. ಚಳಿ ಕೊರೆಯುತ್ತಿತ್ತು. ಬಾಸು ಹೆಬ್ಬಾಗಿಲಲ್ಲೇ ಹಿಂದೆ ಬಿದ್ದರು. ಫಲಕ ಓದುತ್ತಿದ್ದಾರೆ ಎಂದುಕೊಂಡು ನಾನು ಹಲ್ಲು ಕಚ್ಚಿ ಮುಂದೆ ಹೋದೆ.

ಸಿಂಹಾಸನದ ಸಭಾಂಗಣದ ಮುಂದೆ ವಿಶಾಲವಾದ ಅಂಗಳ. ಕಲ್ಲುಹಾಸಿನ ನಡುವೆ ಸ್ವಲ್ಪ ಎತ್ತರಿಸಿದ ದಾರಿ ರಾಜನೊಬ್ಬನಿಗೇ ಮೀಸಲಂತೆ, ಉಳಿದವರು ಅಕ್ಕಪಕ್ಕದಲ್ಲಿ ನಡೆಯಬೇಕಂತೆ. ಕಲ್ಲುಗಳನ್ನು ಬೇಕೆಂದೇ ಒರಟಾಗಿ ಬಿಟ್ಟಿದ್ದಾರೆ, ಬಿಸಿಲು ಕಣ್ಣಿಗೆ ಹೊಡೆಯಬಾರದು, ಅಧಿಕಾರಿಗಳು ತಲೆ ತಗ್ಗಿಸಿ ಎಚ್ಚರದಿಂದ ಹೆಜ್ಜೆ ಇಡಬೇಕು ಎಂದು ಹುಡುಗಿ ವಿವರಿಸಿದಳು. ಆಗ ನಾನೂ ತಲೆ ತಗ್ಗಿಸಿದೆ. ಪಕ್ಕದಲ್ಲಿ ಆ ಹೆಬ್ಬೆರಳು ಕಂಡಿತು.

“ಸರ್, ನಿಮ್ಮ ಬೂಟ್ ಎಲ್ಲಿ ಅದಾವ್ರಿ?”

“ಬಾಗಿಲಲ್ಲಿ ಬಿಟ್ಟು ಬಂದೆ. ಅರಮನೆಯೊಳಕ್ಕೆ ಬೂಟು ಹಾಕ್ಕೊಂಡು ಬರ್ತಾರೇನಯ್ಯ?”

“ಎಲ್ಲಾರೂ ಹಾಕ್ಕೊಂಡಾರಲ್ರಿ.”

“ಅವರದ್ದು ಮನೆ, ಅವರು ಹಾಕ್ಕೊಳ್ಳಲಿ. ನಾವು ಬಂದವರು.”

ಅವರ ತಾತ ಮೈಸೂರು ಅರಮನೆಯ ಕುದುರೆ ಲಾಯದಲ್ಲಿ ಇದ್ದವರು. ದಸರಾ ದರ್ಬಾರಿನ ದಿನ ಪೇಟ ಸುತ್ತಿ, ಬರಿಗಾಲಲ್ಲಿ ಹೋಗಿ ಕೈಮುಗಿದು ನಿಲ್ಲುತ್ತಿದ್ದರಂತೆ. ಈಗಲೂ ಅಲ್ಲಿಗೆ ಹೋಗುವ ಪ್ರವಾಸಿಗಳು ಬಾಗಿಲಲ್ಲೇ ಚಪ್ಪಲಿ ಬಿಡಬೇಕು. ಅದು ಮೈಸೂರಿನಲ್ಲಿ ಸರಿ. ಅಲ್ಲಿ ಒಂದು ಸುತ್ತು ಹೊಡೆದು ಚಪ್ಪಲಿ ಬಿಟ್ಟಲ್ಲಿಗೇ ವಾಪಸು ಬರುತ್ತೇವೆ. ಇಲ್ಲಿ ನಾವು ವಾಪಸು ಬರುವವರಲ್ಲ ಎಂದು ಹುಡುಗಿ ಮೊದಲೇ ಹೇಳಿದ್ದಳು. ಫಲಕ ಓದುವವರಿಗೆ ಮಾತು ಕೇಳಿಸಬೇಕಲ್ಲ.

ಹುಡುಗಿ ಅವರ ಕಾಲು ನೋಡಿದಳು, ಗಾಬರಿಯಾದಳು, ಹಿರಿಯರಿಗೆ ಹೇಳುವುದು ಹೇಗೆಂದು ತಿಳಿಯದೆ ಮತ್ತೆ ಬಾಯಿಪಾಠ ಶುರು ಮಾಡಿದಳು. ಬಾಸು ಮಾತ್ರ ಪ್ರಶ್ನೆ ನಿಲ್ಲಿಸಲಿಲ್ಲ. ಚಾವಣಿಯ ಅಂಚಿನಲ್ಲಿ ಸಾಲಾಗಿ ಕೂತ ಪುಟ್ಟ ಬೊಂಬೆಗಳು ಯಾರು, ಸಿಂಹಾಸನದ ಹಿಂದಿನ ಪರದೆಯಲ್ಲಿ ಸೂರ್ಯ ಚಂದ್ರ ಎರಡನ್ನೂ ಒಟ್ಟಿಗೆ ಯಾಕೆ ಬರೆದಿದ್ದಾರೆ, ರಾಣಿಯ ಕೋಣೆಯ ನೆಲವನ್ನು ಕೆಳಗಿನಿಂದ ಬೆಂಕಿ ಹಾಕಿ ಬಿಸಿ ಮಾಡುತ್ತಿದ್ದರು ಎಂದರೆ ಹೊಗೆ ಎಲ್ಲಿ ಹೋಗುತ್ತಿತ್ತು. ಹೊಗೆ ಹೋಗುವ ಚಿಮಣಿಯನ್ನು ಕಣ್ಣಾರೆ ನೋಡಿಯೇ ಅಲ್ಲಿಂದ ಕದಲಿದ್ದು. ನನ್ನ ಕಣ್ಣೆಲ್ಲ ಗಡಿಯಾರದ ಮೇಲಿತ್ತು.

ಪೂರ್ವದ ಬಾಗಿಲಿಗೆ ಬಂದಾಗ ಅವರಿಗೆ ಬೂಟಿನ ನೆನಪಾಯಿತು. ತಾನು ಓಡಿ ಹೋಗಿ ತರುತ್ತೇನೆ ಎಂದಳು ಹುಡುಗಿ. ಬಿಟ್ಟವನು ನಾನು, ನಾನೇ ತರುತ್ತೇನೆ ಎಂದು ಇವರು ಹೊರಟರು. ಇಡೀ ಅರಮನೆಯನ್ನು ಮತ್ತೆ ದಾಟಬೇಕು. ಕಾಲುಚೀಲ ತಳದಲ್ಲಿ ಹರಿದಿತ್ತು, ಒರಟು ಕಲ್ಲಿನ ಮೇಲೆ ಅವರು ಕುಂಟುತ್ತಿದ್ದರು. ಹೆಬ್ಬಾಗಿಲಲ್ಲಿ ಬೂಟು ಇರಲಿಲ್ಲ. ಯಾರೋ ಮರೆತುಹೋಗಿದ್ದಾರೆಂದು ಕಾವಲುಗಾರ ಅದನ್ನು ಕೋಣೆಯಲ್ಲಿಟ್ಟು, ಬೀಗ ಹಾಕಿ, ಊಟಕ್ಕೆ ಹೋಗಿದ್ದ. ಅವನು ಬರುವ ತನಕ ಕಾದೆವು. ಬೂಟು ಸಿಕ್ಕಿದ ಮೇಲೆ ನೇರ ಮೀಟಿಂಗಿಗೆ ಹೋಗೋಣ ಎಂದು ನಾನು ಅಂಗಲಾಚಿದೆ. ಎರಡನೇ ಅರಮನೆ ಬಾಕಿಯಿದೆಯಲ್ಲ, ಅಷ್ಟೆಲ್ಲ ಓದಿಕೊಂಡು ಬಂದ ಹುಡುಗಿಗೆ ಬೇಜಾರಾಗುತ್ತದೆ ಎಂದರು. ಹೋದೆವು. ಅಲ್ಲಿಯೂ ಬೂಟು ಬಿಚ್ಚಿದರು. ಈ ಸಲ ಕೈಯಲ್ಲಿ ಹಿಡಿದುಕೊಂಡರು, ಅಷ್ಟು ಬುದ್ಧಿ ಬಂದಿತ್ತು. ನನಗೆ ಅಳುವುದೊಂದು ಬಾಕಿ.

ಮೀಟಿಂಗಿಗೆ ನಾವು ತಲುಪಿದಾಗ ಆ ಕಂಪನಿಯ ಯಜಮಾನ, ಬಿಳಿಗೂದಲಿನ ಮುದುಕ, ತನ್ನವರೊಂದಿಗೆ ಸುಮ್ಮನೆ ಕೂತು ಕಾಯುತ್ತಿದ್ದ. ಎಲ್ಲ ಮುಗಿಯಿತು ಎಂದುಕೊಂಡೆ. ಹುಡುಗಿ ತಲೆ ಬಾಗಿಸಿ ಅವರ ಭಾಷೆಯಲ್ಲಿ ತಡವಾದ ಕಾರಣ ಹೇಳಿದಳು. ಮುದುಕ ಬಗ್ಗಿ ಮೇಜಿನ ಕೆಳಗಿದ್ದ ಬಾಸಿನ ಕಾಲುಗಳನ್ನು ನೋಡಿದ, ಅವರ ಮುಖ ನೋಡಿದ, ನಕ್ಕ. ಅರಮನೆಗೆ ಅಷ್ಟು ಮರ್ಯಾದೆ ಕೊಟ್ಟವರನ್ನು ತನ್ನ ಅಜ್ಜನ ಕಾಲದ ನಂತರ ಯಾರೂ ನೋಡಿರಲಿಕ್ಕಿಲ್ಲ ಎಂದ. ತಾನೇ ಬಾಸಿಗೆ ಚಹಾ ಬಗ್ಗಿಸಿಕೊಟ್ಟ. ನನಗೆ ಹೋದ ಜೀವ ಬಂದಂತಾಯಿತು. ಇಷ್ಟು ಹೊತ್ತು ಶಪಿಸಿದ್ದ ಬೂಟಿಗೆ ಮನಸ್ಸಿನಲ್ಲೇ ಕೈ ಮುಗಿದೆ.

ಮಾತು ಸುಲಭವಾಗಿ ನಡೆಯಿತು. ಕೊನೆಗೆ ಮುದುಕ ಒಂದೇ ಪ್ರಶ್ನೆ ಕೇಳಿದ, ಮೂರು ತಿಂಗಳಲ್ಲಿ ಕೈಗೆ ಸಿಗುತ್ತದಲ್ಲವೇ ಎಂದು. ಹೂಂ ಎಂದಿದ್ದರೆ ಸಾಕಿತ್ತು. ನಾನು ಮೇಜಿನ ಕೆಳಗೆ ಬಾಸಿನ ಕಾಲು ತುಳಿದೆ. ಅವರು ಕಾಲನ್ನು ಆಚೆ ಎಳೆದುಕೊಂಡು, ಆಗುವುದಿಲ್ಲ, ಒಂದು ವರ್ಷ ಬೇಕು ಎಂದು ಸ್ಪಷ್ಟವಾದ ಇಂಗ್ಲಿಷಿನಲ್ಲಿ ಹೇಳಿದರು. ಮೂರು ತಿಂಗಳು ಎಂದವರು ಪ್ರೋಗ್ರಾಮನ್ನು ತೆರೆದು ನೋಡಿದವರಲ್ಲ ಎಂದೂ ಸೇರಿಸಿದರು. ಮುದುಕ ಚಹಾದ ಬಟ್ಟಲನ್ನು ಪಕ್ಕಕ್ಕೆ ಸರಿಸಿದ. ಅಷ್ಟು ದಿನ ಕಾಯಲು ತನ್ನಿಂದಾಗದು, ನಿಜ ಹೇಳಿದ್ದಕ್ಕೆ ಧನ್ಯವಾದ ಎಂದು ಎದ್ದು ನಿಂತು ಬಾಗಿ ನಮಸ್ಕರಿಸಿದ.

ವಿಮಾನದಲ್ಲಿ ನಾನು ಮುಖ ತಿರುಗಿಸಿ ಕೂತಿದ್ದೆ. ಊಟದ ತಟ್ಟೆ ತೆಗೆದ ಮೇಲೆ ಅವರೇ ಮಾತು ತೆಗೆದರು.

“ಆ ಮುದುಕ ನಮ್ಮನ್ನ ನಂಬಿದ ಕಣಯ್ಯ. ನಂಬಿದವನಿಗೆ ಹೆಂಗೆ ಸುಳ್ಳು ಹೇಳೋದು?”

“ಮತ್ತ ನಾ ಏನ್ ಮಾಡ್ಲಿರಿ ಸರ್? ನನ್ನ ವೀಸಾ?”

ಅವರು ‘ನೋಡೋಣ’ ಎಂದು ಕಣ್ಣು ಮುಚ್ಚಿದರು. ಆ ‘ನೋಡೋಣ’ ಕೇಳಿ ನನ್ನ ಮೈಯೆಲ್ಲ ಉರಿಯಿತು.

ಮುಂದಿನ ತಿಂಗಳು ದುಡ್ಡು ಹಾಕಿದವರು ಕಂಪನಿಯನ್ನು ಹೆಸರಿಗಷ್ಟೇ ಉಳಿಸುವ ತೀರ್ಮಾನಕ್ಕೆ ಬಂದರು. ಇರುವ ನಾಲ್ಕಾರು ಗಿರಾಕಿಗಳನ್ನು ನೋಡಿಕೊಳ್ಳಲು ಒಬ್ಬ ಎಂಜಿನಿಯರನ್ನು ಮಾತ್ರ ಉಳಿಸಿಕೊಳ್ಳುವುದು, ಉಳಿದವರೆಲ್ಲ ಮನೆಗೆ. ಉಳಿಯುವವರು ಬಾಸು ಎಂಬುದರಲ್ಲಿ ಯಾರಿಗೂ ಅನುಮಾನವಿರಲಿಲ್ಲ. ಅವತ್ತು ಸಂಜೆ ಸೇತುವೆಯ ಮೇಲೆ, ಎಂದಿನಂತೆ ಬಲಗಡೆಯ ಲೇನಿನಲ್ಲಿ ನಿಧಾನವಾಗಿ ಹೋಗುತ್ತ, ಅವರು ಹೇಳಿದರು.

“ನಿನ್ನನ್ನ ಇಟ್ಕೊಳ್ಳಿ ಅಂತ ಹೇಳಿದೀನಿ. ನಾನು ಬಿಡ್ತಿದೀನಿ.”

ನಾನು ಅವರ ಕಡೆ ತಿರುಗಿದೆ. ಅವರು ರಸ್ತೆಯ ಮೇಲೆ ಕಣ್ಣಿಟ್ಟೇ ಮುಂದುವರಿಸಿದರು.

“ನಾನು ಸಿಟಿಜನ್ನು ಕಣಯ್ಯ, ನನ್ನನ್ನ ಯಾರೂ ವಿಮಾನ ಹತ್ತಿಸಲ್ಲ. ನಿನ್ನನ್ನ ಹತ್ತಿಸ್ತಾರೆ. ಇದರಲ್ಲಿ ಯೋಚನೆ ಮಾಡೋಕೇನಿದೆ?”

ಆಮೇಲೆ ನಾನೊಬ್ಬನೇ ಸೇತುವೆ ದಾಟತೊಡಗಿದೆ. ಅವರ ವಯಸ್ಸಿನವರಿಗೆ ಆಗ ಎಲ್ಲಿಯೂ ಕೆಲಸವಿರಲಿಲ್ಲ. ವರ್ಷದ ಮೇಲೆ ರೆಡ್‌ವುಡ್ ಸಿಟಿಯಲ್ಲಿ ಅವರ ಯೋಗ್ಯತೆಗೆ ತೀರ ಚಿಕ್ಕದಾದ ಒಂದು ಕೆಲಸ ಸಿಕ್ಕಿತು. ಆ ವರ್ಷವೆಲ್ಲ ಅಕ್ಕ, ಮಂಡಿನೋವು ಇಟ್ಟುಕೊಂಡು, ಫ್ರೀಮಾಂಟಿನ ಒಂದು ಡೇಕೇರಿನಲ್ಲಿ ಮಕ್ಕಳನ್ನು ನೋಡಿಕೊಳ್ಳುವ ಕೆಲಸಕ್ಕೆ ಹೋದರು. ಶನಿವಾರದ ಊಟ ಮಾತ್ರ ತಪ್ಪಲಿಲ್ಲ. ಅಕ್ಕ ಏನೂ ಆಡದೆ ಬಡಿಸುತ್ತಿದ್ದುದನ್ನು ಕಂಡು, ಎಂಥ ದೊಡ್ಡ ಮನಸ್ಸು ಎಂದು ನಾನು ಕುಗ್ಗಿಹೋಗುತ್ತಿದ್ದೆ. ಅವರಿಗೆ ಎಲ್ಲ ಗೊತ್ತಿದೆ ಎಂದೇ ತಿಳಿದಿದ್ದೆ.

ನನ್ನ ಗ್ರೀನ್ ಕಾರ್ಡು ಬಂತು. ನಾನು ಕೃತಜ್ಞತೆಯ ಮಾತು ತೆಗೆದಾಗಲೆಲ್ಲ ಬಾಸು, ಕಾರಿನ ಆಯಿಲು ಬದಲಾಯಿಸಿದೆಯಾ ಎಂದು ಕೇಳುತ್ತಿದ್ದರು. ಒಮ್ಮೆ ಹಟ ಹಿಡಿದು ಅವರ ಮುಂದೆಯೇ ಕೂತೆ. ಎದ್ದು ಗ್ಯಾರೇಜಿಗೆ ಹೋಗಿಬಿಟ್ಟರು. ಇಂಥವರ ಋಣ ಹೊರುವುದು ಎಷ್ಟು ಕಷ್ಟ ಎಂಬುದು ಹೊತ್ತವರಿಗೇ ಗೊತ್ತು. ಕೊನೆಗೆ ಒಂದು ಬೆಳಿಗ್ಗೆ, ಯಾರಿಗೂ ಸುಳಿವು ಕೊಡದೆ, ಎದೆನೋವು ಬಂದು ಹೊರಟೇಹೋದರು. ನಾನು ಆಸ್ಪತ್ರೆ ತಲುಪುವಷ್ಟರಲ್ಲಿ ಎಲ್ಲ ಮುಗಿದಿತ್ತು.

ವೈಕುಂಠ ಸಮಾರಾಧನೆಯ ದಿನ ಬಂದವರೆಲ್ಲ ಹೋದ ಮೇಲೆ ನಾನೂ ಅಕ್ಕನೂ ಅಡುಗೆಮನೆಯಲ್ಲಿ ಕೂತಿದ್ದೆವು. ಬಾಸಿಗೆ ಹೇಳಲಾಗದ್ದನ್ನು ಅಕ್ಕನಿಗಾದರೂ ಹೇಳೋಣ ಎಂದು ಬಾಯಿ ತೆರೆದೆ. ನನ್ನನ್ನು ಉಳಿಸಲು ಅವರು ಕೆಲಸ ಬಿಟ್ಟಿದ್ದು, ಆ ಒಂದು ವರ್ಷ ನೀವು ಪಟ್ಟ ಪಾಡು, ಎಲ್ಲ ನನ್ನಿಂದ ಎಂದೆ. ಅಕ್ಕ ನನ್ನನ್ನೇ ದಿಟ್ಟಿಸಿದರು. ಅವರಿಗೆ ಗೊತ್ತಿರಲಿಲ್ಲ. ಎಲ್ಲರ ಹಾಗೆ ತಮ್ಮನ್ನೂ ಕೆಲಸದಿಂದ ತೆಗೆದರು ಎಂದು ಬಾಸು ಮನೆಯಲ್ಲಿ ಹೇಳಿದ್ದರು. ಸಿಯೋಲಿನ ಮುದುಕನಿಗೆ ಹೇಳದ ಸುಳ್ಳನ್ನು ಈ ಮನೆಯಲ್ಲಿ ಹೇಳಿದ್ದರು.

ಅಕ್ಕ ಸೆರಗಿನಿಂದ ಕಣ್ಣು ಒರೆಸಿಕೊಂಡರು. ಅವರ ದನಿಯಲ್ಲಿದ್ದುದು ದುಃಖಕ್ಕಿಂತ ಸಿಟ್ಟು.

“ನನ್ನನ್ನ ಒಂದು ಮಾತು ಕೇಳಬಾರದಿತ್ತಾ ಇವರು? ಕೇಳಿದ್ದಿದ್ರೆ ನಾನೂ ಹೂಂ ಅಂತಿದ್ದೆ.”