ಅತ್ತೆಯ ಕಾರ್ಡು, ಸೊಸೆಯ ನರೆ

ಸಿಯೋಲ್ ನಗರದ ಮೆಟ್ರೋದಲ್ಲಿ ಅರವತ್ತೈದು ತುಂಬಿದವರಿಗೆ ಟಿಕೆಟ್ಟಿಲ್ಲ. ಔಷಧದ ಬೇರು ಮಾರುವ ಬೇರುಪೇಟೆಯ ಸ್ಟೇಷನ್ನಿನಲ್ಲಿ ಅವರು ತಮ್ಮ ಉಚಿತ ಪ್ರಯಾಣದ ಕಾರ್ಡನ್ನು ತಗುಲಿಸಿದೊಡನೆ ಗೇಟಿನ ಮೇಲೆ ಕೆಂಪು ದೀಪ ಮಿನುಗುತ್ತದೆ. ಯಂತ್ರದೊಳಗಿನ ಹೆಣ್ಣುದನಿಯೊಂದು ‘ಸುಖವಾಗಿರಿ’ ಎಂದು ಹಾರೈಸುತ್ತದೆ. ಬೊಕ್-ಹಿ ಈ ಹಾರೈಕೆಯನ್ನು ಎರಡು ವರ್ಷಗಳಿಂದ ದಿನವೂ ಸ್ವೀಕರಿಸುತ್ತ ಬಂದಿದ್ದಳು. ಅವಳ ವಯಸ್ಸು ಐವತ್ತೊಂಬತ್ತು.

ಕಾರ್ಡು ಅವಳ ಅತ್ತೆಯದು. ಎಂಬತ್ತೇಳರ ಆ ವೃದ್ಧೆ ಸೊಂಟದ ಮೂಳೆ ಮುರಿದು ಹಾಸಿಗೆ ಹಿಡಿದಿದ್ದರು. ಒಂದು ಚಳಿಗಾಲದ ಬೆಳಗ್ಗೆ ಅತ್ತೆಯ ಮೈ ಒರೆಸಿ, ಹಾಸಿಗೆ ಬದಲಿಸಿ, ಅಂಗಡಿಗೆ ಹೊತ್ತಾಯಿತೆಂದು ಓಡುವಾಗ ಬೊಕ್-ಹಿ ಮೇಜಿನ ಡ್ರಾಯರಿನಿಂದ ತನ್ನದೆಂದು ತಿಳಿದು ಅದನ್ನೇ ಎತ್ತಿಕೊಂಡಿದ್ದಳು. ಗೇಟು ಹರಸಿದಾಗ ಬೆಚ್ಚಿ ಹಿಂದೆ ನೋಡಿದಳು, ಯಾರೂ ಗಮನಿಸಿರಲಿಲ್ಲ. ಅಂದಿನದು ಪ್ರಮಾದ. ಮರುದಿನ ಕೈ ಅದೇ ಕಾರ್ಡನ್ನು ಹುಡುಕಿತು, ಅದನ್ನು ಪ್ರಮಾದವೆನ್ನಲಾಗದು. ಒಣಬೇರು ಮಾರುವ ಅವಳ ಅಂಗಡಿ ಚೆನ್ನಾಗಿಯೇ ನಡೆಯುತ್ತಿತ್ತು. ಬಡತನವೆಂದು ಮನಸ್ಸಿಗೆ ಹೇಳಿಕೊಳ್ಳುವ ನೆಪವೂ ಅವಳಿಗಿರಲಿಲ್ಲ.

ಕಪ್ಪುಗೂದಲಿನವಳಿಗೆ ಕೆಂಪು ದೀಪ ಹೊತ್ತಿದರೆ ನೌಕರರು ತಡೆದು ಕೇಳಿಯಾರೆಂದು ಅವಳು ತಲೆಗೆ ಬಣ್ಣ ಹಚ್ಚುವುದನ್ನು ನಿಲ್ಲಿಸಿದಳು. ನಾಲ್ಕು ತಿಂಗಳಲ್ಲಿ ನೆತ್ತಿ ಬೆಳ್ಳಗಾಯಿತು.

“ಏನಕ್ಕಾ, ನಿಮ್ಮತ್ತೆಗಿಂತ ಮುಂಚೆ ಮುದುಕಿ ಆಗ್ತೀನಿ ಅಂತ ಪಂದ್ಯ ಕಟ್ಟಿದೀಯಾ?” ಎಂದು ಪಕ್ಕದ ಅಂಗಡಿಯ ಗ್ಯೊಂಗ್-ಜಾ ಅಣಕಿಸಿದಳು.

“ಅವರು ಹಾಸಿಗೇಲಿರುವಾಗ ನನಗ್ಯಾಕೆ ಶೃಂಗಾರ?” ಎಂದುಬಿಟ್ಟಳು ಬೊಕ್-ಹಿ.

ಬಾಯಿಗೆ ಬಂದದ್ದನ್ನು ಆಡಿದ್ದಳಷ್ಟೆ. ಆದರೆ ಆ ಮಾತು ಪೇಟೆಯ ಓಣಿಗಳನ್ನು ಸುತ್ತಿ, ಸ್ಟೇಷನ್ನಿನೊಳಗಿನ ಮೆಟ್ಟಿಲುಗಳ ಮೇಲೆ ದಿನವಿಡೀ ಕುಳಿತು ಹರಟುವ ಮುದುಕರನ್ನು ಮುಟ್ಟಿತು. ಹೀಗೆ ಎರಡು ವರ್ಷ ಕಳೆದು, ಹಿರಿಯರನ್ನು ಗೌರವಿಸುವ ಮೇ ತಿಂಗಳು ಬಂದಾಗ ಹಿರಿಯರ ಸಂಘದ ಮುಖ್ಯಸ್ಥ ಪ್ಯೋ ಅವಳನ್ನು ಮಗನ ಹೆಸರು ಹಿಡಿದು ಕೂಗಿ ಅಲ್ಲಿಯೇ ತಡೆದು ನಿಲ್ಲಿಸಿದರು.

“ಗ್ಯು-ವಾನ್ ಅಮ್ಮ, ಈ ಸಲ ಒಳ್ಳೆ ಸೊಸೆ ಅನ್ನೋ ಮನ್ನಣೆ ನಿಮಗೇ. ಬೇರೆ ಸಾಕ್ಷಿ ಯಾಕೆ, ನಿಮ್ಮ ತಲೆ ನೋಡಿದ್ರೆ ಸಾಕು.”

ಕುಂಬಳಕಾಯಿ ಕಳ್ಳ ಹೆಗಲು ಮುಟ್ಟಿಕೊಂಡಂತೆ ಬೊಕ್-ಹಿಯ ಕೈ ತಾನಾಗಿ ನೆತ್ತಿಗೆ ಹೋಯಿತು.

“ಬೇಡ ತಾತ. ನಾನು ಅಂಥವಳಲ್ಲ.”

“ಕೇಳಿದ್ರಾ? ಅಂಥವರು ಯಾವಾಗ್ಲೂ ಹೀಗೇ ಅನ್ನೋದು,” ಎಂದರು ಪ್ಯೋ, ಸುತ್ತಲಿನವರ ಕಡೆ ತಿರುಗಿ.

“ಬೇಡ ಅಂದಷ್ಟೂ ದೊಡ್ಡ ಹೂಗುಚ್ಛ ತರ್ತಾರೆ, ಸುಮ್ನಿರಕ್ಕ,” ಎಂದಳು ಗ್ಯೊಂಗ್-ಜಾ. “ನನ್ನ ಗತಿ ಯೋಚ್ನೆ ಮಾಡು. ನಮ್ಮತ್ತೆ ಇನ್ಮೇಲೆ ದಿನಾ ನಿನ್ನ ಹೆಸರು ಹೇಳೇ ನನ್ನ ಚುಚ್ಚೋದು.”

ನಿಂದೆಯನ್ನು ಮನುಷ್ಯ ಹೇಗೋ ತಾಳಿಕೊಂಡಾನು. ಸಲ್ಲದ ಸ್ತುತಿ ಅನ್ನದೊಳಗಿನ ಕಲ್ಲಿನಂತೆ, ನುಂಗಿದರೂ ಸಂಕಟ, ಉಗುಳಿದರೂ ಸಂಕಟ. ಎಂಟು ದಿನ ಬೊಕ್-ಹಿ ಅದನ್ನು ಬಾಯಲ್ಲಿಟ್ಟುಕೊಂಡೇ ಓಡಾಡಿದಳು. ತಾನು ಇಷ್ಟು ದಿನ ಅತ್ತೆಯ ಮೈ ತೊಳೆದದ್ದು ನಿಜ. ಆ ನಿಜವೂ ಈಗ ಈ ಕಾರ್ಡಿನ ಜೊತೆ ಮೈಲಿಗೆಯಾಯಿತೆಂದು ಅವಳಿಗೆ ತೋರಿತು.

ಮನ್ನಣೆಯ ದಿನ ಮೆಟ್ಟಿಲುಗಳ ಮೇಲೆ ಜನ ಕಿಕ್ಕಿರಿದಿದ್ದರು. ಪ್ಯೋ ಪ್ರಶಸ್ತಿಪತ್ರ ಹಿಡಿದು ಎದ್ದರು. ಬೊಕ್-ಹಿ ಅವರತ್ತ ಹೋಗದೆ ನೇರ ಗೇಟಿನ ಬಳಿಗೆ ನಡೆದಳು.

“ತಾತ, ಕೊಡೋಕೆ ಮುಂಚೆ ಇದನ್ನ ನೋಡಿ.”

ಕಾರ್ಡು ತಗುಲಿಸಿದಳು. ಕೆಂಪು ದೀಪ ಹೊತ್ತಿತು. ‘ಸುಖವಾಗಿರಿ.’

“ನೋಡಿದ್ರಾ, ಗೇಟೂ ಹರಸ್ತು,” ಎಂದು ಗ್ಯೊಂಗ್-ಜಾ ನಕ್ಕಳು. ನಾಲ್ಕಾರು ಜನ ಚಪ್ಪಾಳೆ ತಟ್ಟಿದರು.

“ನನಗಿನ್ನೂ ಅರವತ್ತೇ ಆಗಿಲ್ಲ ಕಣೆ. ಇದು ನಮ್ಮತ್ತೆ ಕಾರ್ಡು. ಎರಡು ವರ್ಷದಿಂದ ಇದರಲ್ಲೇ ಓಡಾಡ್ತಿದೀನಿ. ಸಿಕ್ಕಿಬೀಳಬಾರದು ಅಂತ ಬಣ್ಣ ಬಿಟ್ಟಿದ್ದು. ಅತ್ತೆಗೋಸ್ಕರ ಅಲ್ಲ.”

ಚಪ್ಪಾಳೆ ನಿಂತಿತು. ಪ್ಯೋ ಪ್ರಶಸ್ತಿಪತ್ರವನ್ನು ಒಮ್ಮೆ ನೋಡಿ, “ಹೆಸರು ಬರೆಸಿಬಿಟ್ಟಿದೀವಲ್ಲಮ್ಮ,” ಎಂದರು ಮೆಲ್ಲಗೆ. ಅದಕ್ಕಿಂತ ಕಟುವಾದ ಮಾತನ್ನು ಯಾರೂ ಆಡಲಿಲ್ಲ. ಗ್ಯೊಂಗ್-ಜಾ ತನ್ನ ಚಪ್ಪಲಿಯನ್ನೇ ನೋಡುತ್ತಿದ್ದಳು.

ಬೊಕ್-ಹಿ ತಾನಾಗಿ ಸ್ಟೇಷನ್ನಿನ ಕಚೇರಿಗೆ ಹೋಗಿ ದಂಡ ತೆತ್ತಳು. ಅದು ಭಾರವಾಗಲಿಲ್ಲ. “ಈ ಕಾರ್ಡು ಒಂದು ವರ್ಷ ನಡೆಯೋದಿಲ್ಲ” ಎಂದು ನೌಕರ ಹೇಳಿದಾಗ ಮಾತ್ರ ಅವಳು ಕುರ್ಚಿಯ ಹಿಡಿಯನ್ನು ಬಿಗಿಯಾಗಿ ಹಿಡಿದಳು. ಎಂಬತ್ತೇಳರವರ ಲೆಕ್ಕದಲ್ಲಿ ಒಂದು ವರ್ಷವೆಂದರೆ ಎಷ್ಟು? ಊರಿಗೆಲ್ಲ ಹೇಳಿದ್ದನ್ನು ಅಂದು ಮನೆಯಲ್ಲಿ ಹೇಳಲು ಅವಳಿಗೆ ಬಾಯಿ ಬರಲಿಲ್ಲ.

ಬುದ್ಧಜಯಂತಿಯ ದಿನ ಅತ್ತೆ ದೇಗುಲದ ತಾವರೆದೀಪಗಳನ್ನು ನೋಡಬೇಕೆಂದರು. ಬೊಕ್-ಹಿ ಗಾಲಿಕುರ್ಚಿಯಲ್ಲಿ ಕೂರಿಸಿ ಸ್ಟೇಷನ್ನಿಗೆ ಕರೆತಂದಳು. ಅತ್ತೆಗೆ ಟಿಕೆಟ್ಟು ಕೊಂಡಳು. ಅಗಲದ ಗೇಟು ಟಿಕ್ಕೆಂದು ಸುಮ್ಮನೆ ತೆರೆದುಕೊಂಡಿತು.

“ಯಾಕೆ ಮಗೂ, ಗೇಟು ಏನೂ ಅನ್ಲಿಲ್ಲ? ಮುಂಚೆ ಸುಖವಾಗಿರಿ ಅನ್ನೋದು.”

ಕೆಟ್ಟಿರಬೇಕು ಎಂಬ ಮಾತು ಬೊಕ್-ಹಿಯ ನಾಲಗೆಯ ತುದಿಗೆ ಬಂದಿತ್ತು. ಅವಳು ಗಾಲಿಕುರ್ಚಿಯನ್ನು ಬದಿಗೆ ಸರಿಸಿ, ಮುಂದೆ ಬಂದು ಕುಕ್ಕುರುಗಾಲಿನಲ್ಲಿ ಕುಳಿತಳು.

“ನಿಮಗೆ ಹೇಳಬೇಕಾದ್ದನ್ನೆಲ್ಲ ನಾನೇ ಕೇಳಿಸ್ಕೊಂಡೆ ಅತ್ತೆ,” ಎಂದು ಆರಂಭಿಸಿ, ಡ್ರಾಯರಿನಿಂದ ಕಚೇರಿಯವರೆಗೆ ಒಂದನ್ನೂ ಬಿಡದೆ ಹೇಳಿದಳು.

ಮುದುಕಿ ಕೈಯನ್ನು ಸೊಸೆಯ ನೆತ್ತಿಯ ಮೇಲಿಟ್ಟರು.

“ಅದಕ್ಕಾ ಈ ನರೆ?”

“ಹೂಂ.”

“ನನ್ನ ಚಾಕರಿ ಮಾಡೀ ಮಾಡೀ ಹೀಗಾಯ್ತು ಅಂದ್ಕೊಂಡಿದ್ದೆ. ಬೇಗ ಕರ್ಕೊಂಡ್ಬಿಡಪ್ಪಾ ಅಂತ ದಿನಾ ಬುದ್ಧನ್ನ ಬೇಡ್ಕೊಳ್ತಿದ್ದೆ.”

ಬೊಕ್-ಹಿ ತಲೆ ಎತ್ತಲಿಲ್ಲ. ಹಿಂದೆ ಯಾರೋ ಮುದುಕರೊಬ್ಬರು ಕಾರ್ಡು ತಗುಲಿಸಿದರು. ಗೇಟು ಅವರಿಗೆ ‘ಸುಖವಾಗಿರಿ’ ಎಂದಿತು.