ಮರಳುಗಾಡಿನ ಹಕ್ಕಿಗಳು ಮತ್ತು ಮಿಡಿ ಉಪ್ಪಿನಕಾಯಿ

ನನ್ನದು ಮೊದಲಿಂದಲೂ ಸಂಶಯದ ಬುದ್ಧಿ. ಹಾಲಿನವನು ಹಾಲು ಅಳೆಯುವಾಗ ನನ್ನ ಕಣ್ಣು ಅವನ ಬೆರಳ ಮೇಲೇ ಇರುತ್ತದೆ. ಹಾಗಾಗಿ, ಗಂಡ ತೀರಿಕೊಂಡ ಮೇಲೆ ಕಮ್ಮರಡಿಯ ನಮ್ಮ ಮನೆಗೆ ಬಂದು ಉಳಿದಿದ್ದ ಸೋದರತ್ತೆಗೆ ನರಸಿಂಹರಾಜಪುರದಿಂದ ಪುಸ್ತಕಗಳು ಬರತೊಡಗಿದಾಗ ನನ್ನ ನೆಮ್ಮದಿ ಕೆಟ್ಟಿತು. ಅದೂ ಎಂಥ ಪುಸ್ತಕ? ಮರಳುಗಾಡಿನ ಹಕ್ಕಿಗಳದ್ದು. ಎರಡು ಸಾವಿರದ ಇಸವಿ ಕಳೆದ ಹೊಸತು, ಮನೆಮನೆಗೂ ಫೋನು ಬಂದಿದ್ದ ಕಾಲ.

ಕಳಿಸುತ್ತಿದ್ದವರು ರಾಜಸ್ಥಾನದಲ್ಲಿ ರೈಲ್ವೆ ಕೆಲಸ ಮುಗಿಸಿ ಊರಿಗೆ ಮರಳಿದ್ದ ಹಿರಿಯರೊಬ್ಬರು. ಶೃಂಗೇರಿಯ ಮದುವೆಯೊಂದರಲ್ಲಿ ಊಟವಾದ ಮೇಲೆ ಅಲ್ಲಿನ ಹಕ್ಕಿಗಳ ಸುದ್ದಿ ಹೇಳಿದರಂತೆ, ಅತ್ತೆ ನಂಬಲಿಲ್ಲವಂತೆ, ಹಾಗಾದರೆ ಪುಸ್ತಕವನ್ನೇ ಕಳಿಸುತ್ತೇನೆ ಅಂದರಂತೆ. ಈ ಅಂತೆಗಳಲ್ಲಿ ಒಂದನ್ನೂ ನಾನು ನಂಬಲಿಲ್ಲ.

ನಮ್ಮ ಕಡೆ ಔಷಧಿ, ಕನ್ನಡಕ, ಮೆಣಸಿನ ಬಳ್ಳಿ ಎಲ್ಲವೂ ಬಸ್ಸಿನಲ್ಲೇ ಓಡಾಡುತ್ತವೆ. ಕಂಡಕ್ಟರು ಬಸ್ಸು ನಿಲ್ಲುವಲ್ಲಿನ ಅಂಗಡಿಯಲ್ಲಿಟ್ಟು ಹೋದ ಪುಸ್ತಕದ ಚೀಲವನ್ನು ನಾನೇ ತರುತ್ತಿದ್ದೆ. ದಾರಿಯಲ್ಲಿ ಪುಸ್ತಕ ತಲೆಕೆಳಗು ಮಾಡಿ ಕೊಡವುತ್ತಿದ್ದೆ. ಒಂದು ಚೀಟಿಯೂ ಬೀಳಲಿಲ್ಲ. ಬೀಳದಿದ್ದದ್ದೇ ನನ್ನ ಸಂಶಯಕ್ಕೆ ಇನ್ನಷ್ಟು ಗೊಬ್ಬರವಾಯಿತು.

ಇಂಗ್ಲಿಷ್ ಪುಸ್ತಕಗಳನ್ನು ನಾನೇ ಓದಿ ಅರ್ಥ ಹೇಳಬೇಕಾಗಿತ್ತು. ಒಂದು ಗಂಡುಹಕ್ಕಿ ದೂರದ ಹೊಂಡಕ್ಕೆ ಹಾರಿ, ಹೊಟ್ಟೆಯ ಗರಿಗಳನ್ನು ತೋಯಿಸಿಕೊಂಡು ಬಂದು ಮರಿಗಳಿಗೆ ನೀರು ಕುಡಿಸುತ್ತದಂತೆ. ಎಲ್ಲ ಬುರುಡೆ ಎಂದೆ. ಅತ್ತೆ ಆ ಪುಟವನ್ನೇ ಮತ್ತೆ ಓದಿಸಿದರು.

ನೆರೆಮನೆಯ ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸುವ ಪದ್ಧತಿ ನಮ್ಮಲ್ಲಿಲ್ಲ. ಅತ್ತೆ ಅದನ್ನು ಓದಿ ಹಿಂದಿರುಗಿಸುವ ಪುಸ್ತಕಕ್ಕೂ ತಂದರು. ಒಂದು ಸಲ ಹಲಸಿನ ಹಪ್ಪಳ, ಇನ್ನೊಂದು ಸಲ ಬಾಳಕದ ಮೆಣಸಿನಕಾಯಿ. ಪುಸ್ತಕವೇನು ಪಾತ್ರೆಯೇ ಎಂದು ರೇಗಿದೆ. ಬರಿದೆ ಕಳಿಸಿ ತನಗೆ ಅಭ್ಯಾಸವಿಲ್ಲ ಎಂದಷ್ಟೇ ಹೇಳಿದರು.

ಒಮ್ಮೆ ಎಲ್ಲಕ್ಕಿಂತ ದಪ್ಪದ ಪುಸ್ತಕದ ಜೊತೆ ಒಂದು ಬಾಟ್ಲಿ ಮಿಡಿ ಉಪ್ಪಿನಕಾಯಿ ಹೊರಟಿತು. ಬಸ್ಸಿನ ಕುಲುಕಾಟಕ್ಕೆ ಮುಚ್ಚಳ ಸಡಿಲಾಗಿ, ಕೊಪ್ಪ ದಾಟುವಷ್ಟರಲ್ಲಿ ಚೀಲದಿಂದ ಕೆಂಪು ರಸ ತೊಟ್ಟಿಕ್ಕುತ್ತಿತ್ತೆಂದು ಕಂಡಕ್ಟರು ಮರುದಿನ ಹೇಳಿದ.

ಆಮೇಲೆ ಚೀಲ ಬರಲೇ ಇಲ್ಲ. ಅತ್ತೆಯ ಕನ್ನಡಕ ಡಬ್ಬಿಯಿಂದ ಹೊರಬರಲಿಲ್ಲ. ಬಸ್ಸಿನ ಹಾರನ್ನು ಕೇಳಿದರೆ ಮಾತು ನಿಲ್ಲಿಸಿ ನನ್ನ ಮುಖ ನೋಡುತ್ತಿದ್ದರು.

"ಇನ್ನು ಕಳ್ಸೂದಿಲ್ಲ ಅವ್ರು. ಪುಸ್ತಕ ನಾನೇ ಹಾಳ್ಮಾಡಿದ್ನಲ್ಲ," ಅಂದರು ಒಂದು ದಿನ.

ನನಗೆ ಖುಷಿಯಾಗಬೇಕಿತ್ತು. ಆಗಲಿಲ್ಲ. ಕಂಡಕ್ಟರೇ ಚೀಲ ನುಂಗುತ್ತಿದ್ದಾನೋ, ಅಂಗಡಿಯವರು ಬಚ್ಚಿಟ್ಟಿದ್ದಾರೋ ಎಂದು ಇಬ್ಬರನ್ನೂ ವಿಚಾರಿಸಿ ಇಬ್ಬರಿಂದಲೂ ಬೈಸಿಕೊಂಡೆ.

ಮಳೆಗಾಲ ಹಿಡಿಯುವ ಮೊದಲು ಚೀಲ ಬಂತು. ಒಳಗೆ ಹೊಸದೊಂದು ಹಕ್ಕಿ ಪುಸ್ತಕ, ಜೊತೆಗೆ ತೊಳೆದು ಒಣಗಿಸಿದ ನಮ್ಮದೇ ಬಾಟ್ಲಿ. ಬಾಟ್ಲಿಯ ತುಂಬ ನಸುಹಳದಿ ಮರಳು. ಅತ್ತೆ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು.

ನಾನು ಚಿಟಿಕೆ ತೆಗೆದು ಬೆಳಕಿಗೆ ಹಿಡಿದೆ. ಅಷ್ಟು ವರ್ಷ ಯಾರಾದರೂ ಮರಳು ಕಾಪಾಡಿಕೊಂಡು ಬರುತ್ತಾರೆಯೇ? ಅವರ ಊರಿನ ಬುಡದಲ್ಲೇ ಹೊಳೆಯಿದೆ.

"ಇದು ರಾಜಸ್ಥಾನದ್ದಲ್ಲ ಅತ್ತೆ, ಭದ್ರಾ ಹೊಳೇದು. ಬೇಕಾದ್ರೆ ಬರ್ದು ಕೊಡ್ತೆ."

ಅತ್ತೆ ಮುಚ್ಚಳ ಬಿಗಿ ಮಾಡಿ ಬಾಟ್ಲಿಯನ್ನು ಉಪ್ಪಿನ ಭರಣಿಯ ಪಕ್ಕ ಇಟ್ಟರು. ಕನ್ನಡಕ ಹಾಕಿಕೊಂಡರು.

"ಭದ್ರೇದೇ ಆಗ್ಲಿ ಮಾರಾಯ. ಬಾಟ್ಲಿ ಬರಿದೆ ಕಳ್ಸಲಿಲ್ಲ ಅಲ್ದಾ."